ಒಂದೂವರೆ ಪಟ್ಟಿನ ಕಾಟ

ದೀಪಾವಳಿಗೆ ನನ್ನ ತಮ್ಮ ಊರಿಗೆ ಬಂದ. ಬ್ಯಾಗ್ ಬಿಚ್ಚಿದವನೇ ನಿಂಟೆಂಡೊ ಸ್ವಿಚ್ 2 ಅನ್ನೋ ಹೊಸ ಗೇಮ್ ಯಂತ್ರ ತೆಗೆದು ನನ್ನ ಕೈಗಿಟ್ಟ. ಒಲೆಯ ಮೇಲೆ ಚಹಾ ಇನ್ನೂ ಕುದಿಯುತ್ತಿತ್ತು. ಅವ್ವ ಒಳಗಿಂದಲೇ "ಬಂದ ಕೂಡ್ಲೇ ಸುರು ಹಚ್ಚಿಕೊಂಡ್ರೇನಪಾ ಇಬ್ರೂ" ಅಂದಳು. ನನಗೆ ನಲವತ್ತು ಹತ್ತಿರ, ಅವನಿಗೆ ಮೂವತ್ತೈದು. ಅವ್ವನ ಲೆಕ್ಕದಲ್ಲಿ ನಾವಿಬ್ಬರೂ ಇನ್ನೂ ಐದನೇ ಇಯತ್ತೆ.

ಹೊಸ ಯಂತ್ರಕ್ಕೆ ಅವನು ಹಾಕಿದ್ದು ಹಳೇ ಗೇಮ್. 2017ರ ಮೊದಲ ಸ್ವಿಚ್‌ನ ಕಾರ್ಡು. ಹಾಕಿದ ಕೂಡಲೇ ಚಾಲೂ ಆಯಿತು, ಆಟ ಮೊದಲಿಗಿಂತ ಸಲೀಸಾಗಿಯೇ ಓಡಿತು. ಆದರೆ ನನ್ನ ಕಣ್ಣು ಅಕ್ಷರಗಳ ಮೇಲೆ ಸಿಕ್ಕಿಕೊಂಡಿತು. ಅಂಚಿಗೆಲ್ಲ ಯಾರೋ ಎಣ್ಣೆಗೈ ಸವರಿದಂತಿತ್ತು.

"ಮಸುಕು ಕಾಣತೈತಲ್ಲ?"

"ಅಣ್ಣಾ, ನಿನಗ ಚಾಳೀಸ ಬಂದೈತಿ."

ಚಾಳೀಸು ಬಂದಿರಬಹುದು, ಅದು ಬೇರೆ ಮಾತು. ಇಲ್ಲಿ ತಪ್ಪು ನನ್ನ ಕಣ್ಣಿನದಲ್ಲ. ಹಳೇ ಸ್ವಿಚ್ ಕೈಯಲ್ಲಿ ಹಿಡಿದಾಗ ಅದರ ಪರದೆಯಲ್ಲಿ 1280 ಅಡ್ಡ, 720 ಉದ್ದ ಚುಕ್ಕಿಗಳು. ಹೊಸದರಲ್ಲಿ 1920 ಅಡ್ಡ, 1080 ಉದ್ದ. ಭಾಗಿಸಿ ನೋಡಿ. ಸರಿಯಾಗಿ ಒಂದೂವರೆ ಪಟ್ಟು. ಈ ಒಂದೂವರೆಯ ಪರಿಚಯ ನನಗೆ ಹೊಸದಲ್ಲ. ಇದೇ ಲೆಕ್ಕ ಬೇರೊಂದು ಯಂತ್ರದಲ್ಲಿ, ಬೇರೊಂದು ಅಳತೆಯಲ್ಲಿ ನನ್ನನ್ನು ಮೊದಲೇ ಕಾಡಿದೆ.

ಅದನ್ನು ಹೇಳಬೇಕೆಂದರೆ ಬಾಗಲಕೋಟೆಯ ಕಿಲ್ಲಾ ಓಣಿಗೆ ಹೋಗಬೇಕು.

2000ದ ಬೇಸಿಗೆ. ಮಾಮಾ ದುಬೈಯಿಂದ ಬಂದಿದ್ದರು. ಅಲ್ಲಿವರೆಗೆ ನಮಗೆ ಗೊತ್ತಿದ್ದ ಕೈಯಾಟ ಅಂದರೆ ಜಾತ್ರೆಯಲ್ಲಿ ಸಿಗುತ್ತಿದ್ದ ಬ್ರಿಕ್ ಗೇಮ್ ಒಂದೇ. ಡಬ್ಬಿಯ ಮೇಲೆ 9999 ಆಟ ಅಂತ ಬರೆದಿರುತ್ತಿತ್ತು. ಒಳಗೆ ನೋಡಿದರೆ ಹತ್ತಿಪ್ಪತ್ತು, ಉಳಿದದ್ದೆಲ್ಲ ಅದೇ ಆಟ ಸ್ವಲ್ಪ ಜೋರಾಗಿ. ಮಾಮಾ ತಂದದ್ದು ಗೇಮ್ ಬಾಯ್ ಕಲರ್. ನೇರಳೆ ಬಣ್ಣದ ಪಾರದರ್ಶಕ ಮೈ, ಒಳಗಿನ ಹಸಿರು ಬೋರ್ಡು ಹೊರಗೇ ಕಾಣುತ್ತಿತ್ತು. ಜೊತೆಗೆ ಬೂದು ಬಣ್ಣದ ಒಂದು ಕ್ಯಾಸೆಟ್, ಟೆಟ್ರಿಸ್, ಮೇಲಿಂದ ಬೀಳುವ ಚೌಕಗಳ ತುಂಡು ಜೋಡಿಸುವ ಆಟ. ಕಾರ್ಟ್ರಿಜ್ ಅಂತ ಅದರ ಹೆಸರು ಅನ್ನೋದು ನನಗೆ ಗೊತ್ತಾದದ್ದು ಎಷ್ಟೋ ವರ್ಷದ ಮೇಲೆ. ನಮಗದು ಕ್ಯಾಸೆಟ್ಟೇ. ಮರುವರ್ಷ ಬಂದಾಗ ಪೋಕೆಮಾನ್ ಗೋಲ್ಡ್ ತಂದರು.

ಆ ಯಂತ್ರದ ಪರದೆಗೆ ಬೆಳಕಿರಲಿಲ್ಲ. ಹೊರಗಿನ ಬೆಳಕು ಅದರ ಮೇಲೆ ಬಿದ್ದರಷ್ಟೇ ಆಟ. ಹಗಲು ಕಟ್ಟೆ, ಸಂಜೆ ಕಿಟಕಿ, ಕರೆಂಟ್ ಹೋದರೆ ಬೀದಿ ದೀಪ ಇರುವ ಪಕ್ಕದ ಓಣಿ. ಬೀದಿ ದೀಪವೂ ಹೋದರೆ ಬುಡ್ಡಿ ದೀಪದ ಹತ್ತಿರ ಕುತ್ತಿಗೆ ಸೊಟ್ಟ ಮಾಡಿಕೊಂಡು ಕೂತದ್ದೂ ಇದೆ. ಎರಡು ಪೆನ್ಸಿಲ್ ಶೆಲ್ ಸಾಕು. ಮುಗಿದ ಶೆಲ್ಲನ್ನು ಮಾಳಿಗೆಯ ಮೇಲೆ ಬಿಸಿಲಿಗಿಟ್ಟು ಇನ್ನೊಂದು ಹತ್ತು ನಿಮಿಷ ಆಡುತ್ತಿದ್ದೆವು. ಆ ಹತ್ತು ನಿಮಿಷ ತಮ್ಮನ ಪಾಲು. ಅಣ್ಣನಾಗಿ ನಾನು ಮಾಡಿದ ನ್ಯಾಯ ಅದು.

ಈಗ ಯೋಚಿಸಿದರೆ ಒಂದು ಮಜಾ ಇದೆ. ಗೇಮ್ ಬಾಯ್‌ನ ಟೆಟ್ರಿಸ್ 1989ರದ್ದು. ಅದನ್ನು ಮಾಡಿದ್ದು ಮೊದಲ ಗೇಮ್ ಬಾಯ್‌ಗೆ. ನಾಲ್ಕು ಶೆಲ್ ತಿನ್ನುವ, ಹಸಿರು ಪರದೆಯಲ್ಲಿ ನಾಲ್ಕೇ ಛಾಯೆ ತೋರಿಸುವ ಬೂದು ಪೆಟ್ಟಿಗೆ ಅದು. ಅಂಥ ಪೆಟ್ಟಿಗೆಯನ್ನು ನಾನು ಚಿಕ್ಕವನಿದ್ದಾಗ ಕಣ್ಣಿಂದಲೂ ಕಂಡಿಲ್ಲ. 1998ರ ಕಲರ್ ಯಂತ್ರ ಹಳೇ ಕ್ಯಾಸೆಟ್ ಗುರುತು ಹಿಡಿದು, ಬಣ್ಣವಿಲ್ಲದ ಆಟಕ್ಕೆ ತಾನೇ ಬಣ್ಣ ಹಾಕುತ್ತಿತ್ತು. ಚಾಲೂ ಆಗುವಾಗ ಹೆಸರು ಮೂಡುತ್ತಲ್ಲ, ಆ ಒಂದೆರಡು ಸೆಕೆಂಡಿನಲ್ಲಿ ಬಟನ್ ಹಿಡಿದರೆ ನಮಗೆ ಬೇಕಾದ ಬಣ್ಣ. ಮೇಲೆ ಒತ್ತಿದರೆ ಕಂದು. ಎಡಕ್ಕೆ ಒತ್ತಿದರೆ ನೀಲಿ. ಎಡ ಮತ್ತು ಬಿ ಸೇರಿಸಿ ಒತ್ತಿದರೆ ಕಪ್ಪು ಬಿಳುಪು. ಹೀಗೆ ಒಟ್ಟು 12 ಬಗೆ. ತಮ್ಮ ಬಲ ಮತ್ತು ಬಿ ಒತ್ತುತ್ತಿದ್ದ, ಕಪ್ಪು ಇದ್ದದ್ದು ಬಿಳಿ, ಬಿಳಿ ಇದ್ದದ್ದು ಕಪ್ಪು. ಅದಕ್ಕೆ ನಾವು 'ಅಮಾವಾಸ್ಯೆ' ಅಂತಿದ್ದೆವು.

ಅಂದರೆ ನಾನು ಆಡಿದ ಮೊದಲ ಆಟವೇ ಹಳೇ ಆಟ, ಅದೂ ಹೊಸ ಯಂತ್ರದಲ್ಲಿ. ನನ್ನ ಪಾಲಿನ 'ಅಸಲಿ' ಟೆಟ್ರಿಸ್ ಕಂದು ಬಣ್ಣದ್ದು. ಅಸಲಿ ಗೇಮ್ ಬಾಯ್ ಇಟ್ಟುಕೊಂಡವರಿಗೆ ಇದು ಕೇಳಿದರೆ ನಗು ಬರುತ್ತದೆ. ಬರಲಿ. ಹಳೇ ಆಟವನ್ನು ಹಳೇ ಯಂತ್ರದಲ್ಲೇ ಆಡಬೇಕು, ಇಲ್ಲದಿದ್ದರೆ ಅದು ಅದಲ್ಲ ಅಂತ ವಾದ ಮಾಡುವವರ ಜೊತೆ ನಾನು ಪೂರ್ತಿ ಸೇರಲಾರದ್ದು ಇದಕ್ಕೇ.

ಕಿಲ್ಲಾ ಓಣಿಯ ಆ ಮನೆ ಈಗ ಇಲ್ಲ. ಆಲಮಟ್ಟಿ ಆಣೆಕಟ್ಟಿನ ಹಿನ್ನೀರು ಘಟಪ್ರಭೆಯ ಹಾದಿ ಹಿಡಿದು ಹಳೇ ಊರಿನ ಬಾಗಿಲಿಗೇ ಬರುತ್ತದೆ. ಊರಿನ ಎಷ್ಟೋ ಮನೆ ಮುಳುಗಡೆಗೆ ಹೋದವು, ನಮ್ಮದೂ ಹೋಯಿತು. ನಮ್ಮೂರಿನ ಚಹಾದಂಗಡಿಯಲ್ಲಿ ಕೂತವರಿಗೆ ಮನೆಯವರ ಹುಟ್ಟಿದ ದಿನ ನೆನಪಿರಲಿಕ್ಕಿಲ್ಲ, 519.6 ಮತ್ತು 524.256 ಮಾತ್ರ ಮೂರನೇ ದಶಾಂಶದವರೆಗೆ ಬಾಯಿಪಾಠ. ಮೊದಲನೆಯದು ಈಗ ನೀರು ನಿಲ್ಲಿಸುವ ಮಟ್ಟ, ಎರಡನೆಯದು ಏರಿಸಬೇಕೆಂದಿರುವ ಮಟ್ಟ, ಎರಡೂ ಮೀಟರ್‌ನಲ್ಲಿ. ನಾವು ನವನಗರಕ್ಕೆ ಬಂದೆವು. ಓಣಿಯ ಹೆಸರು ಹೋಗಿ ಸೆಕ್ಟರ್ ನಂಬರ್ ಬಂತು.

ಅಪ್ಪ ಹಳೇ ಮನೆಯ ತಲೆಬಾಗಿಲು ಮಾತ್ರ ಬಿಡಲಿಲ್ಲ. ಚೌಕಟ್ಟು ಸಮೇತ ಟ್ರ್ಯಾಕ್ಟರ್ ಮೇಲೆ ತಂದರು. ಹೊಸ ಮನೆಯ ಗೋಡೆಯಲ್ಲಿ ಗೌಂಡಿ ಬಿಟ್ಟ ಜಾಗ ದೊಡ್ಡದು, ಬಾಗಿಲು ಚಿಕ್ಕದು. ಗೌಂಡಿ ಹೊಸ ಬಾಗಿಲು ತರಿಸಿ ಅಂದ. ಅಪ್ಪ ಕೇಳಲಿಲ್ಲ. ಸುತ್ತಲೂ ಇಟ್ಟಂಗಿ ಇಟ್ಟು ಸಿಮೆಂಟ್ ಮೆತ್ತಿಸಿದರು. ನಮ್ಮ ಮನೆಗೆ ಬರುವ ಎತ್ತರದ ಮಂದಿ ಇಂದಿಗೂ ಹಣೆ ಬಡಿಸಿಕೊಳ್ಳುತ್ತಾರೆ.

ಗೇಮ್ ಬಾಯ್ ಕಲರ್ ಹೋದದ್ದು ನೀರಿನಲ್ಲೇ, ಆದರೆ ಅದು ಓಕುಳಿ ನೀರು. ಬಾಗಲಕೋಟೆ ಹೋಳಿ ಗೊತ್ತಿದ್ದವರಿಗೆ ಬೇರೆ ಹೇಳಬೇಕಿಲ್ಲ. ಬಂಡಿಗಳ ಮೇಲೆ ಬ್ಯಾರಲ್‌ಗಟ್ಟಲೆ ಬಣ್ಣ. ಅದರ ನಡುವೆ ಚಡ್ಡಿ ಕಿಸೆಯಲ್ಲಿ ಯಂತ್ರ ಇಟ್ಟುಕೊಂಡು ಹೋದ ಶಾಣ್ಯಾ ನಾನೇ. ಅದು ಈಗಲೂ ಕಪಾಟಿನಲ್ಲಿದೆ. ಸ್ಪೀಕರಿನ ತೂತುಗಳಲ್ಲಿ ಗುಲಾಬಿ ಬಣ್ಣ ಹಾಗೇ ಕೂತಿದೆ. ಕ್ಯಾಸೆಟ್ಟುಗಳು ಮನೆಯಲ್ಲಿದ್ದವು, ಬದುಕಿಕೊಂಡವು.

2009ರಲ್ಲಿ ಪುಣೆಯಲ್ಲಿ ಕೆಲಸ. ಮೊದಲ ಸಂಬಳ ಉಳಿಸಿ ಸೆಕೆಂಡ್ ಹ್ಯಾಂಡ್ ನಿಂಟೆಂಡೊ ಡಿಎಸ್ ಲೈಟ್ ತೆಗೆದುಕೊಂಡೆ. ಕೆಳಗಡೆ ಹಳೇ ಕ್ಯಾಸೆಟ್ಟಿಗೂ ಒಂದು ಕಂಡಿ ಇದೆ ಅಂತ ಕೇಳಿದ್ದೇ ಸಾಕಾಗಿತ್ತು. ರೂಮಿಗೆ ಬಂದು ಟೆಟ್ರಿಸ್ ತೂರಿಸಿದೆ. ಹೋಗಲಿಲ್ಲ. ತಿರುಗಿಸಿ ತೂರಿಸಿದೆ. ಊಹುಂ. ಆ ಕಂಡಿ ಇದ್ದದ್ದು ಕಲರ್ ಆದ ಮೇಲೆ ಬಂದ ಗೇಮ್ ಬಾಯ್ ಅಡ್ವಾನ್ಸ್‌ನ ಚಿಕ್ಕ ಕ್ಯಾಸೆಟ್ಟಿಗೆ, ನನ್ನ ಅಜ್ಜನ ಕಾಲದ ಬೂದು ಕ್ಯಾಸೆಟ್ಟಿಗಲ್ಲ. ಮಾರಿದವನೇನೂ ಸುಳ್ಳು ಹೇಳಿರಲಿಲ್ಲ. ನಾನೇ ಪೂರ್ತಿ ಕೇಳಿಸಿಕೊಂಡಿರಲಿಲ್ಲ.

ಹಾಗೆ ಕೆಲ ತಿಂಗಳ ಮೇಲೆ ಇನ್ನೊಂದು ಸೆಕೆಂಡ್ ಹ್ಯಾಂಡ್ ಬಂತು, ಗೇಮ್ ಬಾಯ್ ಅಡ್ವಾನ್ಸ್ ಎಸ್‌ಪಿ. 2003ರ ಯಂತ್ರ. ಮಡಚಿದರೆ ಅಂಗೈಯಷ್ಟು, ಪರದೆಗೆ ತನ್ನದೇ ಬೆಳಕು, ಚಾರ್ಜ್ ಮಾಡಬಹುದಾದ ಬ್ಯಾಟರಿ. ಇದಕ್ಕೆ ಟೆಟ್ರಿಸ್ ಹಾಕಿದೆ. ಅರ್ಧ ಕ್ಯಾಸೆಟ್ ಹೊರಗೇ ಉಳಿಯಿತು, ಆದರೂ ಟಿಂಗ್ ಅಂತ ಅದೇ ಹಳೇ ಸದ್ದು.

ಅದು ಹೇಗೆ ನಡೆಯುತ್ತದೆ ಅಂತ ಆಮೇಲೆ ಓದಿ ತಿಳಿದೆ. ಕಂಡಿಯ ಒಳಗೆ ಒಂದು ಪುಟ್ಟ ಸ್ವಿಚ್ಚಿದೆ. ಹಳೇ ಕ್ಯಾಸೆಟ್‌ನ ಅಂಚು ಹೋಗಿ ಅದನ್ನು ಒತ್ತುತ್ತದೆ. ಹೊಸ ಕ್ಯಾಸೆಟ್‌ನ ಆಕಾರವೇ ಬೇರೆ, ಅದು ಒತ್ತುವುದಿಲ್ಲ. ಸ್ವಿಚ್ ಒತ್ತಿದರೆ 3.3 ವೋಲ್ಟ್ ಹೋಗಿ 5 ವೋಲ್ಟ್ ಬರುತ್ತದೆ, ಒಳಗೆ ಮಲಗಿದ್ದ ಹಳೇ 8 ಬಿಟ್ ಪ್ರೊಸೆಸರ್ ಎದ್ದು ಕೂರುತ್ತದೆ. ಹೌದು, ಹಳೇ ಯಂತ್ರದ ಮಿದುಳನ್ನು ಹೊಸದರೊಳಗೆ ಪೂರ್ತಿ ಇಟ್ಟೇ ಕಳಿಸಿದ್ದಾರೆ. ನಾಟಕವಲ್ಲ, ನಕಲಲ್ಲ. ಡಿಎಸ್ ಬರುವ ಹೊತ್ತಿಗೆ ಆ 8 ಬಿಟ್ ಮುದುಕನನ್ನು ಮನೆಯಿಂದ ಕಳಿಸಿಬಿಟ್ಟರು. ಆದರೆ ಅಡ್ವಾನ್ಸ್‌ನ ಮುಖ್ಯ ಪ್ರೊಸೆಸರ್ ಆಗಿದ್ದ ಎಆರ್‌ಎಂ 7 ಮಾತ್ರ ಉಳಿಯಿತು. ಒಂದು ಮನೆಯ ಯಜಮಾನ ಮುಂದಿನ ಮನೆಯಲ್ಲಿ ಕೈಯಾಳು. ದಿನವಿಡೀ ಸದ್ದು, ಬಟನ್ನು ನೋಡಿಕೊಳ್ಳುವ ಸಣ್ಣ ಕೆಲಸ, ಅಡ್ವಾನ್ಸ್ ಕ್ಯಾಸೆಟ್ ಬಂದಾಗ ಮಾತ್ರ ಮತ್ತೆ ಯಜಮಾನಿಕೆ. ನನ್ನ ಟೆಟ್ರಿಸ್ ಡಿಎಸ್‌ನಲ್ಲಿ ಆಡದೇ ಹೋದದ್ದೂ, ಅಡ್ವಾನ್ಸ್ ಆಟಗಳು ಆಡಿದ್ದೂ ಇದೇ ಕಾರಣಕ್ಕೆ.

ಸರಿ, ಈಗ ಒಂದೂವರೆಗೆ ಬರುತ್ತೇನೆ. ಹಳೇ ಗೇಮ್ ಬಾಯ್ ಚಿತ್ರ 160 ಚುಕ್ಕಿ ಅಗಲ, 144 ಎತ್ತರ. ಎಸ್‌ಪಿಯ ಪರದೆ 240 ಅಗಲ, 160 ಎತ್ತರ. ಹಾಗಾಗಿ ಹಳೇ ಆಟ ನಡುವೆ ಕೂತು, ಸುತ್ತ ಕಪ್ಪು ಜಾಗ ಉಳಿಯುತ್ತದೆ. ಖಾಲಿ ಜಾಗ ಕಂಡರೆ ಹೊಟ್ಟೆ ಉರಿಯುವವರಿಗೆ ಭುಜದ ಮೇಲೆ ಎರಡು ಬಟನ್. ಒಂದು ಒತ್ತಿದರೆ ಚಿತ್ರ ಎರಡೂ ಬದಿಗೆ ಎಳೆದು 240 ತುಂಬುತ್ತದೆ, ಇನ್ನೊಂದು ಒತ್ತಿದರೆ ಮೊದಲಿನಂತೆ. 160ರಿಂದ 240, ಒಂದೂವರೆ ಪಟ್ಟು. ಎತ್ತರ ಮಾತ್ರ ಇದ್ದಷ್ಟೇ. ಟೆಟ್ರಿಸ್‌ನ ಒಂದೊಂದು ಚೌಕ ಎಂಟು ಚುಕ್ಕಿಗೆ ಎಂಟು ಚುಕ್ಕಿ. ಎಳೆದ ಮೇಲೆ ಹನ್ನೆರಡಕ್ಕೆ ಎಂಟು. ಚೌಕ ಹೋಗಿ ಇಟ್ಟಂಗಿ ಆಯಿತು. ಉದ್ದ ಕೋಲು ಮಲಗಿದಾಗ ಒಂದು ಉದ್ದ, ನಿಂತಾಗ ಇನ್ನೊಂದು ಉದ್ದ. ಗೇಣು ಹಾಕಿ ಆಡುವ ಆಟದಲ್ಲಿ ಗೇಣೇ ಬದಲಾದರೆ ಹೇಗೆ?

ಒಂದೂವರೆಯಲ್ಲಿ ಅಂಥದ್ದೇನು ಕಷ್ಟ ಅನ್ನೋದು ನನಗೆ ಸರಿಯಾಗಿ ಅರ್ಥ ಆದದ್ದು ಅವ್ವನಿಂದ. ಅವ್ವ ಇಳಕಲ್ ಸೀರೆಗೆ ಕಸೂತಿ ಹಾಕುತ್ತಾಳೆ. ಪೆನ್ಸಿಲ್ ಗೆರೆ ಇಲ್ಲ, ಅಚ್ಚು ಇಲ್ಲ, ಬರೀ ಎಳೆ ಎಣಿಸುವುದು. ಗವಂತಿ ಹೊಲಿಗೆ ಹಾಕಿದರೆ ಸೀರೆಯ ಎರಡೂ ಮಗ್ಗುಲಲ್ಲಿ ಒಂದೇ ಥರ ಕಾಣುತ್ತದೆ. ಒಂದು ಮಧ್ಯಾಹ್ನ ಸೆರಗಿನ ಮೇಲೆ ಗೋಪುರ ಹಾಕುತ್ತಾ ಕೂತಿದ್ದಳು. ನಾನು ಪಕ್ಕದಲ್ಲಿ ಎಸ್‌ಪಿ ಹಿಡಿದು ಕೂತಿದ್ದೆ. ಸುಮ್ನೆ ಕೇಳಿದೆ.

"ಅವ್ವಾ, ಈ ಗೋಪುರ ಎರಡ ಪಟ್ಟ ದೊಡ್ಡದ ಬೇಕಂದ್ರ?"

"ಎರಡ ಎಳಿ ಇದ್ದಲ್ಲಿ ನಾಕ ಹಿಡದ್ರ ಆತು."

"ಒಂದೂವರಿ ಪಟ್ಟ?"

ಸೂಜಿ ನಿಂತಿತು. ತುಟಿಯಲ್ಲೇ ಎಣಿಸಿದಳು. "ಎರಡಿದ್ದಲ್ಲಿ ಮೂರ. ಅದ ಸರಿ. ಮೂರಿದ್ದಲ್ಲಿ? ನಾಕೂವರಿ ಎಳಿ ಎಲ್ಲಿಂದ ತರ್ಲಿ? ಒಂದ ಕಡಿ ನಾಕ, ಒಂದ ಕಡಿ ಐದ ಹಾಕಬೇಕು. ಗೋಪುರ ಸೊಟ್ಟ ನಿಂದರತೈತಿ."

ಪರದೆಗೂ ಇದೇ ಗತಿ. ಒಂದು ಚುಕ್ಕಿಯನ್ನು ಒಂದೂವರೆ ಚುಕ್ಕಿ ಮಾಡಲಾಗುವುದಿಲ್ಲ. ಒಂದು ಗೆರೆ ದಪ್ಪ, ಪಕ್ಕದ್ದು ತೆಳು ಮಾಡಿ ಸೊಟ್ಟ ಗೋಪುರ ಒಪ್ಪಿಕೊಳ್ಳಬೇಕು. ಇಲ್ಲವಾದರೆ ನಡುವಿನ ಚುಕ್ಕಿಗೆ ಅಕ್ಕಪಕ್ಕದ ಎರಡೂ ಬಣ್ಣ ಅರ್ಧರ್ಧ ಕಲಸಿ ತುಂಬಬೇಕು. ಆ ಕಲಸಿದ ಬಣ್ಣವೇ ತಮ್ಮನ ಹೊಸ ಯಂತ್ರದಲ್ಲಿ ನಾನು ಕಂಡ ಎಣ್ಣೆಗೈ.

ಪೂರ್ಣ ಸಂಖ್ಯೆಯಲ್ಲಿ ದೊಡ್ಡದು ಮಾಡಿದರೆ ಈ ರಗಳೆ ಇಲ್ಲ. ಸೋನಿಯ ಪಿಎಸ್‌ಪಿ ಪರದೆ 480ಕ್ಕೆ 272, ಆಮೇಲೆ ಬಂದ ವೀಟಾ 960ಕ್ಕೆ 544. ನಿಖರ ಎರಡು ಪಟ್ಟು. ವೀಟಾದಲ್ಲಿ ಹಳೇ ಪಿಎಸ್‌ಪಿ ಆಟ ಹಾಕಿದರೆ ಒಂದು ಚುಕ್ಕಿ ನಾಲ್ಕಾಗುತ್ತದೆ, ಅಷ್ಟೇ. (ಅವರ ಕುತ್ತು ಬೇರೆ ಕಡೆ ಇತ್ತು. ಪಿಎಸ್‌ಪಿಯ ಡಿಸ್ಕ್ ಹಾಕಲು ವೀಟಾದಲ್ಲಿ ಜಾಗವನ್ನೇ ಇಡಲಿಲ್ಲ. ಮನೆಯಲ್ಲಿದ್ದ ಡಿಸ್ಕುಗಳು ಪೇಪರ್‌ವೇಟ್ ಆದವು.) 2021ರಲ್ಲಿ ಬಂದ ಅನಲಾಗ್ ಪಾಕೆಟ್ ಅನ್ನೋ ಯಂತ್ರದವರಂತೂ 1600ಕ್ಕೆ 1440ರ ಪರದೆಯನ್ನೇ ಹುಡುಕಿ ಹಾಕಿದ್ದಾರೆ. 160ಕ್ಕೆ 144 ಇಂಟು ಹತ್ತು. ಅವ್ವನಂಥವರು ಯಾರೋ ಅಲ್ಲಿ ಕೂತು ಎಳೆ ಎಣಿಸಿದ್ದಾರೆ.

ಡಿಎಸ್ ಈ ವಿಷಯದಲ್ಲಿ ಜಾಣ. ಅದರ ಪರದೆ 256ಕ್ಕೆ 192, ಅಡ್ವಾನ್ಸ್ ಆಟ 240ಕ್ಕೆ 160. ಎಳೆಯುವ ಗೋಜಿಗೇ ಹೋಗದೆ ಎಡಬಲಕ್ಕೆ ಎಂಟೆಂಟು, ಮೇಲೆ ಕೆಳಗೆ ಹದಿನಾರು ಹದಿನಾರು ಚುಕ್ಕಿ ಖಾಲಿ ಬಿಟ್ಟು ಆಟವನ್ನು ಇದ್ದಂತೆ ಕೂರಿಸುತ್ತದೆ. ಅದರ ಮಗ 3ಡಿಎಸ್ ಮತ್ತೆ ಎಳೆಯಲು ಶುರು ಮಾಡಿತು, ಡಿಎಸ್ ಆಟಗಳನ್ನು ಒಂದೂಕಾಲು ಪಟ್ಟು. ಪುಣ್ಯಕ್ಕೆ ಆಟ ತೆರೆಯುವಾಗ ಸ್ಟಾರ್ಟ್ ಬಟನ್ ಒತ್ತಿ ಹಿಡಿದರೆ ಚಿಕ್ಕದಾಗಿ, ಚೊಕ್ಕವಾಗಿ ತೆರೆಯುತ್ತದೆ.

ಒಮ್ಮೆ ಅಪ್ಪ ನನ್ನ ಹೆಗಲ ಮೇಲಿಂದ ಡಿಎಸ್ ಇಣುಕಿ ನೋಡಿದರು.

"ಸುತ್ತ ಯಾಕೋ ಖಾಲಿ ಬಿಟ್ಟಾರ?"

"ಹಳೇದಪಾ ಇದು. ಹೊಸಾದ್ರಾಗ ಕುಂದ್ರಬೇಕಲ್ಲ, ಅಳತಿ ಹೊಂದಂಗಿಲ್ಲ."

ಅಪ್ಪ ಸ್ವಲ್ಪ ಹೊತ್ತು ನೋಡಿದರು. "ಹಂಗಾರ ಸಿಮೆಂಟ್ ಹಚ್ಚಿಸಬೇಕಿಲ್ಲೋ" ಅಂತ ಹೇಳಿ, ತಮ್ಮ ಬಾಗಿಲಲ್ಲಿ ತಲೆ ಬಗ್ಗಿಸಿ ಹೊರಗೆ ಹೋದರು.

ಹೊಸ ಯಂತ್ರದಲ್ಲಿ ಹಳೇ ಆಟ ಸಿಗುವುದಿಲ್ಲ ಅಂತಲ್ಲ. 2023ರ ಫೆಬ್ರವರಿಯಿಂದ ಸ್ವಿಚ್‌ನ ಆನ್‌ಲೈನ್ ಚಂದಾದಾರರಿಗೆ ಗೇಮ್ ಬಾಯ್ ಆಟಗಳು ಸಿಗುತ್ತವೆ, ಟೆಟ್ರಿಸ್ ಕೂಡ. ತಮ್ಮ ಅದನ್ನೂ ತೋರಿಸಿದ. ಚೆನ್ನಾಗಿದೆ. ಆದರೆ ಚಂದಾ ನಿಂತ ದಿನ ಆಟವೂ ನಿಲ್ಲುತ್ತದೆ. 2023ರ ಮಾರ್ಚ್ 27ಕ್ಕೆ 3ಡಿಎಸ್‌ನ ಆನ್‌ಲೈನ್ ಅಂಗಡಿಯಲ್ಲಿ ಮಾರಾಟ ನಿಂತಿತು. ಅಲ್ಲಿ ಹಳೇ ಆಟಗಳ ಒಂದು ದೊಡ್ಡ ಕಪಾಟೇ ಇತ್ತು. ಅವತ್ತಿನವರೆಗೆ ಕೊಳ್ಳದವರಿಗೆ ಆ ಬಾಗಿಲು ಮುಚ್ಚಿತು. ಮಾಮಾ ಒಮ್ಮೆ ಕಾಸು ಕೊಟ್ಟ ಬೂದು ಕ್ಯಾಸೆಟ್ ಮೂರು ಯಂತ್ರ ಕಂಡಿದೆ, ಎರಡರಲ್ಲಿ ಆಡಿದೆ. ನನಗೆ ಈ ಲೆಕ್ಕ ಜಾಸ್ತಿ ಹಿಡಿಸುತ್ತದೆ. ಜಿಪುಣ ಅಂದರೂ ಪರವಾಗಿಲ್ಲ.

ಕ್ಯಾಸೆಟ್ಟೇನು ಅಮರವೂ ಅಲ್ಲ. ಪೋಕೆಮಾನ್ ಗೋಲ್ಡ್‌ನಲ್ಲಿ ಗಡಿಯಾರ ಇದೆ. ಹೊರಗೆ ರಾತ್ರಿಯಾದರೆ ಆಟದಲ್ಲೂ ರಾತ್ರಿ. ಆ ಗಡಿಯಾರಕ್ಕೂ, ನಾವು ಆಡಿ ಉಳಿಸಿದ್ದಕ್ಕೂ ಒಳಗೊಂದು ನಾಣ್ಯದಂಥ ಶೆಲ್ ಇದೆ. ಯಂತ್ರ ಬಂದ್ ಆಗಿದ್ದರೂ ಗಡಿಯಾರ ಓಡುತ್ತಲೇ ಇರಬೇಕಲ್ಲ, ಶೆಲ್ ಬೇಗ ಕರಗುತ್ತದೆ. 2009ರಲ್ಲಿ ಎಸ್‌ಪಿಗೆ ಹಾಕಿದಾಗ ಕಂಟಿನ್ಯೂ ಅಂತ ಇತ್ತು. ಕಿಲ್ಲಾ ಓಣಿಯ ಕಟ್ಟೆ ಮೇಲೆ ಕೂತು ಆಡಿದ ಗಂಟೆಗಳ ಲೆಕ್ಕ ಹಾಗೇ ಇತ್ತು. ಒಂದೆರಡು ಮಳೆಗಾಲ ಕಳೆದು ಮತ್ತೆ ತೆರೆದರೆ ನ್ಯೂ ಗೇಮ್, ಆಪ್ಷನ್. ಮೇಲಿನ ಸಾಲು ಇರಲಿಲ್ಲ. ಕ್ಯಾಸೆಟ್ ತೆಗೆದು ಉಫ್ ಅಂತ ಊದಿ ಮತ್ತೆ ಹಾಕಿದೆ. ಊದಿದರೆ ಉಗುಳಿನ ತೇವಕ್ಕೆ ತಾಮ್ರದ ಹಲ್ಲು ಹಾಳಾಗುತ್ತವೆ ಅಂತ ಗೊತ್ತಿದ್ದೂ ಊದಿದೆ. ಆ ಸಾಲು ಬರಲಿಲ್ಲ.

ಈ ದೀಪಾವಳಿಗೆ ತಮ್ಮನೇ ಹಟ ಹಿಡಿದ, ಶೆಲ್ ಬದಲಿಸೋಣ ಅಂತ. ಕ್ಯಾಸೆಟ್‌ನ ಸ್ಕ್ರೂ ಮಾಮೂಲಿ ಸ್ಕ್ರೂ ಡ್ರೈವರಿಗೆ ಬಗ್ಗುವಂಥದ್ದಲ್ಲ, ತಲೆಯ ಅಂಚಿಗೆ ಹಲ್ಲುಹಲ್ಲು. ಬಾಲ್ ಪೆನ್ನಿನ ಕೊಳವೆಯ ತುದಿ ಕಾಯಿಸಿ, ಮೆತ್ತಗಾದಾಗ ಸ್ಕ್ರೂ ಮೇಲೆ ಒತ್ತಿ ಹಿಡಿದೆ. ಆರಿದ ಮೇಲೆ ಅದರ ಅಚ್ಚು ಕೂತಿತ್ತು. ತಿರುಗಿಸಿದರೆ ಬಿಚ್ಚಿತು. ಹಳೇ ಬಾಗಲಕೋಟೆಯ ಬಜಾರಿನಲ್ಲಿ ವಾಚು, ಮೊಬೈಲು ಎರಡೂ ರಿಪೇರಿ ಮಾಡುವ ಒಬ್ಬರ ಹತ್ತಿರ ಬೋರ್ಡು ಒಯ್ದೆವು. ಅವರು ಕಣ್ಣಿಗೆ ಭೂತಗನ್ನಡಿ ಏರಿಸಿ ನೋಡಿದರು.

"2025 ನಂಬರಿನ ಶೆಲ್ಲ ಐತ್ರಿ ಇದು. ಬರೇ ಶೆಲ್ಲ ನಡಿಯಂಗಿಲ್ಲ, ಟ್ಯಾಬ್ ಹಚ್ಚಿದ್ದ ಬೇಕು. ಶೆಲ್ಲಿಗೇ ನೇರ ಕಾವು ಇಟ್ರ ಒಡೀತೈತ್ರಿ."

ಸಿಆರ್ 2025 ತರಿಸಲು ಎರಡು ದಿನ. ಹಚ್ಚಲು ಎರಡು ನಿಮಿಷ. ಕೆಲಸ ಮುಗಿದ ಮೇಲೆ ಬೋರ್ಡು ಕೈಯಲ್ಲಿ ಹಿಡಿದು, "ಇದರಾಗ ಏನ ಐತ್ರಿ ಸರ?" ಅಂದರು. ಹಾವು, ಹಕ್ಕಿ ಹಿಡಿದು ಸಾಕುವ ಆಟ ಅಂದೆ. ಅವರಿಗೆ ಸಮಾಧಾನ ಆದಂತೆ ಕಾಣಲಿಲ್ಲ.

ಮಗಳು ಹೊಸದಾಗಿ ಶುರು ಮಾಡಿದಳು. ಆಟ ಮೊದಲಿಗೆ ಗಂಟೆ ಎಷ್ಟು ಅಂತ ಕೇಳುತ್ತದೆ. ಅವಳು ಗೋಡೆ ಗಡಿಯಾರ ನೋಡಿ ರಾತ್ರಿ ಎಂಟು ಅಂತ ಇಟ್ಟಳು. ಹೆಸರಿಗೆ ಏಳೇ ಅಕ್ಷರದ ಜಾಗ, ಅವಳ ಹೆಸರು ಇಂಗ್ಲಿಷಿನಲ್ಲಿ ಎಂಟು. ಕೊನೆಯದೊಂದು ಬಿಟ್ಟಳು. ನಾನು ಪಕ್ಕದಲ್ಲಿ ಕೂತು ನೋಡುತ್ತಿದ್ದೆ. ಸ್ವಲ್ಪ ಹೊತ್ತಿಗೆ ಭುಜದ ಬಟನ್ ಅವಳ ಬೆರಳಿಗೆ ಸಿಕ್ಕಿತು. ಚಿತ್ರ ಪರದೆ ತುಂಬ ಹಿಗ್ಗಿತು. ಆಟದ ಹುಡುಗ ಅಡ್ಡಡ್ಡ ದಪ್ಪಗಾದ.

"ಅದನ್ನ ಒತ್ತಬ್ಯಾಡ. ಇನ್ನೊಂದ ಒತ್ತು, ಸರಿ ಆಗತೈತಿ."

ಒತ್ತಿ ನೋಡಿದಳು. ಚಿತ್ರ ಚಿಕ್ಕದಾಗಿ ನಡುವೆ ಕೂತಿತು.

"ಸಣ್ಣ ಆತಲ್ಲಪ್ಪಾ."

ನಾನು ಎಳೆ, ಚುಕ್ಕಿ, ಅಜ್ಜಿಯ ಗೋಪುರ ಎಲ್ಲ ಹೇಳಿದೆ. ಹ್ಞೂಂ ಹ್ಞೂಂ ಅಂತ ಪೂರ್ತಿ ಕೇಳಿದಳು. ಆಮೇಲೆ ಮತ್ತೆ ಮೊದಲಿನ ಬಟನ್ ಒತ್ತಿ, ದಪ್ಪ ಹುಡುಗನನ್ನು ಹುಲ್ಲಿನೊಳಗೆ ನಡೆಸಿಕೊಂಡು ಹೋದಳು.